ಇಬ್ಬರ ಕೈಮಾತು

ನೀರು ಬರುತ್ತಿದೆ, ಕರ್ಪೂರದ ವಾಸನೆಯ ನೀರು, ಹಿತ್ತಲಿಗೆ ಕಟ್ಟಿದ ಚಾಪೆಮರೆಯ ಕೆಳಗಿಂದ ನುಸುಳಿ, ಅಂಗಳದ ಕಲ್ಲನ್ನು ಬಳಸಿ, ಈಗ ಬೆಂಚಿನ ಕಾಲಿನ ಹತ್ತಿರ, ಈಗ ಅವನ ಬೂಟಿನ ಹತ್ತಿರ, ಒಳಗೆ ಹೆಂಗಸರು ಆಪಾಗೆ ಕೊನೆಯ ಸ್ನಾನ ಮಾಡಿಸುತ್ತಿದ್ದಾರೆ, ಅಹಮದ್ ಷರೀಫ್ ಕಾಲು ಹಿಂದಕ್ಕೆಳೆದುಕೊಳ್ಳಲಿಲ್ಲ, ಮುಟ್ಟಲಿ, ಅಕ್ಕನ ಮೈಯಿಂದ ಇಳಿದ ನೀರು ತಾನೆ, ಅವಳ ಕೈಗಳನ್ನೂ ತೊಳೆದು ಬಂದಿದೆ, ಶಿರಾದ ಈ ಓಣಿಯೆಲ್ಲ ಮೂಗಿ ಅಂದ ಅಮೀನಾಬಿಗೆ ಬಾಯಿಯೂ ನಾಲಗೆಯೂ ಆಗಿದ್ದ ಕೈಗಳು — ಇನ್ನು ಸ್ವಲ್ಪ ಹೊತ್ತಿಗೆ ಅವನ್ನು ಬಿಳಿ ಬಟ್ಟೆಯೊಳಗೆ ಪಕ್ಕಕ್ಕೆ ನೆಟ್ಟಗೆ ಇಡುತ್ತಾರೆ, ಅಬ್ಬಾಗೂ ಹಾಗೇ ಇಟ್ಟಿದ್ದರು. ಬೆಂಚಿನ ಆ ತುದಿಯಲ್ಲಿ ಪಕ್ಕದ ಬೀದಿಯ ಅಡವಯ್ಯ ಯಾರಿಗೋ ಪಿಸುಗುಡುತ್ತಿದ್ದಾನೆ, ಕಲಾಯಿ ಕಲಂದರ್ ಸಾಬ್ರ ಮಗ ಕಣ್ಲಾ, ಮೈಸೂರಿನ ಕಾಲೇಜಲ್ಲಿ ಮಾತಿನ ಮೇಷ್ಟ್ರಂತೆ, ಮಾತಂದ್ರೇನು ಅಂತ ಪುಸ್ತಕ ಬರ್ದವ್ರಂತೆ, ಅದಕ್ಕೆ ಆ ಇನ್ನೊಬ್ಬ, ಮಾತಿಗೂ ಒಬ್ಬ ಮೇಷ್ಟ್ರಾ, ನನ್ ಹೆಂಡ್ರು ಸಂಬಳ ಇಲ್ದೆ ಕಲಿಸ್ತಾವ್ಳೆ ಬುಡು. ನಗು ಬಂತು. ಆಪಾಗೆ ಹೇಳಿದರೆ ಅವಳೂ ನಗುತ್ತಿದ್ದಳು, ಹೆಗಲು ಕುಣಿಸಿ, ಸದ್ದಿಲ್ಲದೆ.

ಹುಟ್ಟುಕಿವುಡಿ ಅವಳು. ಅಮ್ಮ ಅವನನ್ನು ಹೆತ್ತು ಹೋದಾಗ ಮಗುವನ್ನು ಎತ್ತಿಕೊಂಡ ಅಕ್ಕ, ಅವಳ ಕಿವಿಯ ಹಾಲೆ ಹಿಡಿದುಕೊಳ್ಳದೆ ಅವನಿಗೆ ನಿದ್ದೆ ಇಲ್ಲ, ಅದೇ ಅವನ ಹೆಸರಾಯಿತು, ಎರಡು ಬೆರಳಲ್ಲಿ ತನ್ನ ಕಿವಿಹಾಲೆ ಮುಟ್ಟಿದಳೆಂದರೆ ಷರೀಫ್ ಎಲ್ಲಿದ್ದರೂ ತಿರುಗಬೇಕು, ಕಥೆಯ ರಾಕ್ಷಸನ ಜೀವ ದೂರದ ಗಿಣಿಯ ಕೊರಳಲ್ಲಿರುತ್ತದಲ್ಲ, ಹಾಗೆ ಅವನ ಹೆಸರು ಆ ತೂತಿಲ್ಲದ ಮೆತ್ತನೆ ಹಾಲೆಯಲ್ಲಿತ್ತು. ಅಬ್ಬಾ ಪಾತ್ರೆಗೆ ಕಲಾಯಿ ಹಾಕಲು ಮಧುಗಿರಿ ಕೊರಟಗೆರೆ ಕಡೆಗೆಲ್ಲ ಹಳ್ಳಿ ತಿರುಗುವಾಗ ಆಪಾ ತಿದಿ ಒತ್ತುವವಳು, ಅವನು ಕಲಾಯೀ ಎಂದು ಕೂಗುವವನು. ನವಸಾಗರದ ಬಿಳಿ ಹೊಗೆ ಏಳುತ್ತದೆ, ಅಬ್ಬಾ ಹತ್ತಿಯುಂಡೆಯಿಂದ ತವರವನ್ನು ಪಾತ್ರೆಯೊಳಗೆ ಸುತ್ತ ಸವರುತ್ತಾನೆ, ಕಪ್ಪಗಿದ್ದದ್ದು ಬೆಳ್ಳಗೆ ಹೊಳೆಯುತ್ತದೆ — ಸುತ್ತ ಸವರಿದ ಹಾಗೆ ಅಂಗೈ ತಿರುಗಿಸಿದರೆ ಚೆನ್ನ ಎಂದರ್ಥ, ಊಟ ಚೆನ್ನ, ಬೆಳದಿಂಗಳು ಚೆನ್ನ, ಯಾರು ಮೊದಲು ತಿರುಗಿಸಿದರೋ ನೆನಪಿಲ್ಲ, ಒಬ್ಬರು ತಿರುಗಿಸಿದರು, ಇನ್ನೊಬ್ಬರು ತಲೆಯಾಡಿಸಿದರು, ಮಾತು ಹುಟ್ಟಿತು. ತೋವಿನಕೆರೆಯ ಚಿಕ್ಕಹನುಮಕ್ಕ ಸೊಂಟಕ್ಕೆ ಕೈಯಿಟ್ಟು ನಿಂತಿದ್ದಾಳೆ, ಏನ್ಲಾ ಸಾಬ್ರ ಮಗ, ನಿಮ್ಮಕ್ಕ ಅದೇನು ಕೈ ತಿರುವ್ತಾವ್ಳೆ, ಕೊಳಗದ ತಳ ತೂತಾಗಿದೆ ಎಂದು ಆಪಾ ಹೇಳುತ್ತಿದ್ದಳು, ಅವನು, ಒಂದಚ್ಚು ಬೆಲ್ಲ ಕೊಟ್ರೆ ಕಲಾಯಿ ಗಟ್ಟಿಯಾಗಿ ಕೂರ್ತದೆ ಅಂತಾವ್ಳೆ ಕಣಮ್ಮೋ, ಥೂ ಕಳ್ಳ, ಬೆಲ್ಲ ಕೇಳಿದ್ದು ಅವಳ ಕೈಯೋ ನಿನ್ ನಾಲ್ಗೆಯೋ, ಬಯ್ಯುತ್ತಲೇ ಬೆಲ್ಲ ತಂದಳು, ಆಪಾಗೆ ಗೊತ್ತಾಗಿಬಿಟ್ಟಿತ್ತು, ದೊಡ್ಡ ಚೂರನ್ನು ಅವನ ಬಾಯಿಗೇ ತುರುಕಿ ಕಿವಿಹಾಲೆ ಮುಟ್ಟಿಕೊಂಡು ನಕ್ಕಳು.

ಅಷ್ಟನ್ನೇ ಅವನು ಪುಸ್ತಕದಲ್ಲಿ ಬರೆದದ್ದು, ಐವತ್ತೆಂಟನೇ ಇಸವಿಯಲ್ಲಿ, ಇಂಗ್ಲಿಷಿನಲ್ಲಿ, ಅರ್ಥ ಇರುವುದು ತಲೆಯೊಳಗಲ್ಲ, ಪದದೊಳಗೂ ಅಲ್ಲ, ಇಬ್ಬರ ನಡುವೆ, ಒಬ್ಬನೇ ಕಟ್ಟಿಕೊಂಡ ಮಾತು ಮಾತಲ್ಲ. ಬೇರೆ ಭಾಷೆಯಿಲ್ಲದ ಇಬ್ಬರಿದ್ದಾರೆ ಎಂದುಕೊಳ್ಳಿ, ಒಬ್ಬನು ಎ, ಇನ್ನೊಬ್ಬನು ಬಿ. ಆ ಬಿ ಯಾರೆಂದು ಯಾರೂ ಕೇಳಲಿಲ್ಲ, ಎಂಥ ಉದಾಹರಣೆ ಕಲ್ಪಿಸಿದಿರಿ ಷರೀಫ್ ಅವರೇ ಎಂದು ವಿಭಾಗದ ಬಸವಲಿಂಗಯ್ಯನವರು ಕೈ ಕುಲುಕಿದರು, ಅವನು ಹೌದೆಂದ. ಬರೆದ ವರ್ಷಗಳಲ್ಲಿ ಶಿರಾಕ್ಕೆ ಬರಲಾಗಲಿಲ್ಲ, ಪರೀಕ್ಷೆ, ಸಮ್ಮೇಳನ, ಅಚ್ಚಿನ ಕರಡು, ಕೊನೆಗೆ ಹೋದ ರಂಜಾನಿಗೆ ಬಂದ, ಆಪಾ ಬಾಗಿಲಲ್ಲೇ ಕೈ ತುಂಬ ಮಾತು ಇಟ್ಟುಕೊಂಡು ನಿಂತಿದ್ದಳು, ಬೆರಳು ಹಕ್ಕಿಯ ಹಾಗೆ ಹಾರಿದವು, ಅವನಿಗೆ ತಿಳಿಯಲಿಲ್ಲ. ಮತ್ತೆ ಹೇಳಿದಳು, ನಿಧಾನಕ್ಕೆ. ಅವನು ಉತ್ತರಕ್ಕೆಂದು ಕೈಯೆತ್ತಿದರೆ ಕೈ ಮರದ ಕೈ, ಕೆರೆಗೆ ಏನು ಸನ್ನೆ, ನಿದ್ದೆಗೆ ಏನು, ಮೊದಲು ನಕ್ಕಳು, ತಿದ್ದಿದಳು, ಆಮೇಲೆ ಅವನ ಮುಖವನ್ನೇ ನೋಡುತ್ತ ಬೆರಳುಗಳನ್ನು ಒಟ್ಟುಮಾಡಿ ಬಾಯಿಯ ಕಡೆ ತೋರಿಸಿದಳು, ಊಟ? — ಅಂಗಡಿಯವರಿಗೆ, ದಾರಿಹೋಕರಿಗೆ ತೋರಿಸುವ ಹಾಗೆ. ಹೊರಡುವಾಗಲೂ ಕಿವಿ ಮುಟ್ಟಲಿಲ್ಲ. ತೋರುಬೆರಳನ್ನು ಅವನ ಎದೆಯ ಕಡೆ ಚಾಚಿದಳು, ನೀನು, ಯಾರಿಗಾದರೂ ನೀನು ಅನ್ನುವ ಹಾಗೆ, ಆ ತೋರುಬೆರಳೂ ಈಗ ಬಿಳಿ ಬಟ್ಟೆಯೊಳಗೆ —

ಭಾಯಿ, ಬಾ, ಮುಚ್ಚೋ ಮುಂಚೆ ಮುಖ ನೋಡ್ಕೋ ಬಾ, ಜಮೀಲಾ ಕರೆಯುತ್ತಿದ್ದಾಳೆ, ಚಿಕ್ಕಮ್ಮನ ಮಗಳು, ಇಷ್ಟು ವರ್ಷ ಆಪಾ ಜೊತೆ ಈ ಮನೆಯಲ್ಲಿದ್ದವಳು, ಕಣ್ಣು ಊದಿವೆ, ಕೊನೇ ಎರಡು ದಿನ ಬಾಗ್ಲು ಕಡೆಗೇ ನೋಡ್ತಿದ್ಲು ಭಾಯಿ, ಕೈ ಆಡಿಸಿದ್ಲು, ನಂಗೇನು ತಿಳೀತದೆ, ಊಟ ನೀರು ಅಷ್ಟೆ ನಂಗೆ ತಿಳಿಯೋದು. ಮುಖ ಚಿಕ್ಕದಾಗಿದೆ. ಕಿವಿ ಬಟ್ಟೆಯೊಳಗಾಗಿದೆ. ತಲೆದೆಸೆಯಲ್ಲಿ ನಿಂತ ಹಿರಿಯರು ಫಜಲುಲ್ಲಾ ಚಾಚಾ ಗಂಟಲು ಸರಿಮಾಡಿಕೊಳ್ಳುತ್ತಾರೆ, ಕಹಾ ಸುನಾ ಮಾಫ್ ಅನ್ನು ಬೇಟಾ, ಅಂದಿದ್ದು ಕೇಳಿದ್ದು ಏನಿದ್ರೂ ಮಾಫ್ ಕೇಳ್ಕೊಂಡು ಕಳಿಸ್ಬೇಕು, ಹೊತ್ತಾಗ್ತೈತೆ. ಅಂದದ್ದು ಯಾರು ಕೇಳಿದ್ದು ಯಾರು, ಬಾಯಲ್ಲಿ ಹೇಳಿದರೆ ಇಲ್ಲಿರುವವರಿಗೆಲ್ಲ ಕೇಳಿಸುತ್ತದೆ, ಅವಳೊಬ್ಬಳನ್ನು ಬಿಟ್ಟು. ಕೈಯಲ್ಲೇ ಹೇಳಬೇಕು. ಮಾಫಿಗೆ ಏನು ಸನ್ನೆ, ಹುಡುಕುತ್ತಾನೆ, ಬೆಲ್ಲ ಇದೆ, ತೂತು ಇದೆ, ಹೊಗೆ ಇದೆ, ಅಬ್ಬಾ ಕೋಪ ಇದೆ, ಮಾಫಿಗೆ ಇಲ್ಲ, ಮರೆತನೋ, ಇರಲೇ ಇಲ್ಲವೋ, ಬೆಲ್ಲ ಹಂಚಿಕೊಂಡ ಮಕ್ಕಳಿಗೆ ಅದು ಬೇಕಾಗಿರಲಿಲ್ಲವೋ. ಹೊಸದು ಕಟ್ಟಬಹುದು, ಎದೆಯ ಮೇಲೆ ಅಂಗೈ, ಹೀಗೆ — ಅಂಗೈ ಎದೆಗೆ ಬಂತು, ಜನ ನೋಡುತ್ತಿದ್ದಾರೆ, ನೋಡಲಿ, ಆದರೆ ಅವಳು ನೋಡಬೇಕು, ತಲೆಯಾಡಿಸಬೇಕು, ಕಣ್ಣೇ ಕಿವಿಯಾಗಿದ್ದವಳ ಕಣ್ಣು ಮುಚ್ಚಿದೆ, ಒಬ್ಬನೇ ಕಟ್ಟಿಕೊಂಡದ್ದು ಮಾತಲ್ಲ, ಬರೆದವನು ಅವನೇ, ಆಪಾ, ತಪ್ಪು ಬರೆದಿರಬಹುದು, ತಪ್ಪೆಂದು ಹೇಳು, ತಿದ್ದು, ಹೋದ ರಂಜಾನಿನ ಹಾಗೆ ನಕ್ಕು ತಿದ್ದು, ಜಮೀಲಾ ಬಟ್ಟೆಯ ಅಂಚು ಎಳೆಯುತ್ತಿದ್ದಾಳೆ, ಅವನ ಅಂಗೈ ಎದೆಯ ಮೇಲೆ, ಅವಳ ಕೈಗಳು ಬಿಳಿ ಬಟ್ಟೆಯೊಳಗೆ, ಪಕ್ಕಕ್ಕೆ, ನೆಟ್ಟಗೆ, ಬಿಳಿ ಬಟ್ಟೆಯೊಳಗೆ ಕೈಗಳು, ನೆಟ್ಟಗೆ