ಹೆಸರುಬೇಳೆ ಹಾಲು ಗಟ್ಟಿಯಾಗುವ ತನಕ

ಅಡುಗೆ ಕೆಟ್ಟುಹೋಗಲಪ್ಪಾ ಶಿವನೇ ಎಂದು ಬೇಡಿಕೊಂಡು ಒಲೆ ಹಚ್ಚುವ ಹೆಂಗಸು ಇರುತ್ತಾಳೆಯೇ? ಚನ್ನಗಿರಿಯ ಸಿದ್ದಲಿಂಗಮ್ಮ ಎಂಬತ್ಮೂರನೇ ಇಸವಿಯ ಮಾಘದಲ್ಲಿ ಹಾಗೆಯೇ ಬೇಡಿಕೊಂಡು ಹಚ್ಚಿದಳು. ಪಾತ್ರೆಯಲ್ಲಿದ್ದದ್ದು ಹೆಸರುಬೇಳೆ ರುಬ್ಬಿ ಸೋಸಿದ ಹಾಲು. ಅದು ಗಟ್ಟಿಯಾಗಿ, ತಣ್ಣಗಾಗಿ, ಕೊಯ್ದರೆ ಬಿಳಿಯ ಜಾರು ಎಳೆಯಾದರೆ ಒಬ್ಬ ಮುದುಕಿಯ ಸಾವು ತನ್ನ ತಲೆಗೆ ಬರುತ್ತದೆ. ಆಗದೇ ಹೋದರೆ ಐದು ವರ್ಷದಿಂದ ತನಗೆ ತಾನೇ ಹೇಳಿಕೊಂಡು ಬಂದ ಸಮಾಧಾನ ಉಳಿಯುತ್ತದೆ. ಅವಳು ನಂಬಿದ್ದು ಇಷ್ಟು.

ಎಪ್ಪತ್ತೆಂಟರ ಚಳಿಗಾಲದಲ್ಲಿ ಮುಂಡಗೋಡಿನ ಕಡೆಯಿಂದ ಇಬ್ಬರು ಟಿಬೆಟಿನ ಹೆಂಗಸರು ಸ್ವೆಟರ್ ಮಾರಲು ಬಂದರು, ತಾಯಿ ಮತ್ತು ಮಗಳು. ಸಿದ್ದಲಿಂಗಮ್ಮನ ಗಂಡ ಮಹೇಶ್ವರಪ್ಪ ಅಡಿಕೆ ವ್ಯಾಪಾರಿ. ಮನೆಯ ಮುಂಗೋಣೆ ಖಾಲಿ ಇತ್ತು, ಎರಡು ತಿಂಗಳಿಗೆ ಬಾಡಿಗೆಗೆ ಕೊಟ್ಟ. ಮಗಳ ಹೆಸರು ಯಾಂಗ್‌ಜೋಮ್ ಅಂತೆ. ಓಣಿಯವರ ನಾಲಿಗೆಗೆ ಅದೆಲ್ಲಿ ಹೊರಳಬೇಕು, ಅವಳನ್ನು ಸ್ವೆಟರಕ್ಕ ಎಂದರು, ತಾಯಿಯನ್ನು ಸ್ವೆಟರಜ್ಜಿ ಎಂದರು. ಸಿದ್ದಲಿಂಗಮ್ಮ ಹಾಕಿದ್ದು ಒಂದೇ ಷರತ್ತು. ಇದು ಲಿಂಗಪೂಜೆ ನಡೆಯುವ ಮನೆ, ಮಾಂಸ ಮಡ್ಡಿ ಹೊಸ್ತಿಲೊಳಗೆ ಬರಕೂಡದು. ಮಗಳು ಅರ್ಧ ಹಿಂದಿ ಅರ್ಧ ಕನ್ನಡದಲ್ಲಿ ಒಪ್ಪಿ ಕೈಮುಗಿದಳು.

ಮಗಳು ಬೆಳಿಗ್ಗೆ ಬಸ್‌ಸ್ಟ್ಯಾಂಡಿನ ಹತ್ತಿರ ಗಂಟು ಬಿಚ್ಚಿ ಕೂತರೆ ಬರುವುದು ಸಂಜೆಗೆ. ಅಜ್ಜಿ ಮನೆಯಲ್ಲೇ. ಮಧ್ಯಾಹ್ನದ ಹೊತ್ತು ಸಿದ್ದಲಿಂಗಮ್ಮ ಜಗಲಿಯ ಈ ತುದಿಗೆ, ಅವಳು ಆ ತುದಿಗೆ. ಅಜ್ಜಿ ಟಿಕ್ ಟಿಕ್ ಎಂದು ಜಪಮಣಿ ಎಣಿಸುವಳು. ಒಬ್ಬರ ಮಾತು ಒಬ್ಬರಿಗೆ ತಿಳಿಯದು. ಆದರೂ ಸಿದ್ದಲಿಂಗಮ್ಮ ಅತ್ತೆಯ ಮೇಲಿನ ಸಿಟ್ಟು, ಗಂಡನ ಮುಂಗೋಪ, ಮಕ್ಕಳಾಗದ ದುಃಖ ಎಲ್ಲವನ್ನೂ ಅವಳ ಮುಂದೆ ಹೇಳಿಕೊಂಡಳು. ಅಜ್ಜಿ ತಲೆಯಾಡಿಸುತ್ತಾ ಕೇಳುವಳು. ಅರ್ಥವಾಗದವರ ಮುಂದೆ ಹೇಳಿಕೊಳ್ಳುವ ಸುಖವೇ ಬೇರೆ ಬಿಡಿ. ಮದುವೆಯಾಗಿ ಬಂದ ಇಪ್ಪತ್ತು ವರ್ಷದಲ್ಲಿ ಆ ಮನೆಯಲ್ಲಿ ಅವಳ ಮಾತಿಗೆ ಅಷ್ಟು ಹೊತ್ತು ಕಿವಿಗೊಟ್ಟವರು ಯಾರೂ ಇರಲಿಲ್ಲ.

ಒಂದು ದಿನ ಅಜ್ಜಿ ಅವಳನ್ನು ಕೋಣೆಗೆ ಕರೆದು ತಟ್ಟೆ ಮುಂದಿಟ್ಟಳು. ಬೆಳ್ಳಗೆ, ಅಗಲ ಶಾವಿಗೆಯಂಥ ಎಳೆಗಳು, ಮುಟ್ಟಿದರೆ ತಣ್ಣಗೆ ಜಾರುತ್ತಿದ್ದವು. ಮೇಲೆ ಕೆಂಪು ಖಾರ, ಬೆಳ್ಳುಳ್ಳಿ ನೀರು, ಸೌತೆಕಾಯಿಯ ಚೂರು. ಸಿದ್ದಲಿಂಗಮ್ಮ ಒಂದೆಳೆ ಬಾಯಿಗಿಟ್ಟಳು. ಹುಳಿ ಖಾರ ತಂಪು ಮೂರೂ ಒಟ್ಟಿಗೆ ಗಂಟಲಿಗಿಳಿದವು. ತಟ್ಟೆ ಖಾಲಿ ಮಾಡಿ ಮತ್ತೊಮ್ಮೆ ಹಾಕಿಸಿಕೊಂಡಳು. ಅಜ್ಜಿ ಬೊಚ್ಚುಬಾಯಿ ತೆರೆದು ನಕ್ಕಳು.

ಬಾಯಿ ಒರೆಸಿಕೊಂಡು ಹೊರಗೆ ಬಂದರೆ ಎದುರುಮನೆಯ ಕೊಲ್ಲಾಪುರಮ್ಮ ಸೆರಗು ಮೂಗಿಗೆ ಹಿಡಿದು ನಿಂತಿದ್ದಳು. ಕಿಟಕಿಯಿಂದ ನೋಡಿದಳಂತೆ, ಮುದುಕಿ ಮಣೆಯ ಮೇಲೆ ಬಿಳಿ ಸುರುಳಿ ಇಟ್ಟು ಕೊಯ್ಯುತ್ತಿದ್ದಳಂತೆ. ಕೊಲ್ಲಾಪುರಮ್ಮನ ಮನೆಯಲ್ಲಿ ಹಬ್ಬಕ್ಕೆ ಕುರಿ ಬೀಳುತ್ತದೆ, ಅದರ ಹೊಟ್ಟೆಯೊಳಗಿನದನ್ನು ತೊಳೆದು ಹಸನು ಮಾಡುವವಳು ಅವಳೇ. ಹಾಗಾಗಿ ಅವಳ ಮಾತಿಗೆ ಎದುರಿಲ್ಲ.

“ಕರುಳು ಕಣಕ್ಕ ಅದು,” ಎಂದಳು. “ವರ್ಷಾ ವರ್ಷಾ ತೊಳೆಯೋಳು ನಾನು, ನನಗೆ ಗೊತ್ತಾಗಲ್ವಾ?”

ಸಿದ್ದಲಿಂಗಮ್ಮ ಹಿತ್ತಲಿಗೆ ಓಡಿ ಕರುಳೇ ಕಿತ್ತು ಬರುವಂತೆ ಕಕ್ಕಿದಳು. ತಲೆಗೆ ನೀರು ಹಾಕಿಕೊಂಡಳು, ವಿಭೂತಿ ಬಳಿದುಕೊಂಡಳು. ಎರಡು ಸಲ ಹಾಕಿಸಿಕೊಂಡು ತಿಂದದ್ದು ನೆನಪಾದಾಗಲೆಲ್ಲ ಮತ್ತೆ ಓಕರಿಕೆ. ಗಂಡ ಶಿವಮೊಗ್ಗದ ಮಂಡಿಗೆ ಹೋಗಿದ್ದ, ತಡೆಯುವವರು ಯಾರಿದ್ದರು? ಸಂಜೆ ಮಗಳು ಬರುವ ಹೊತ್ತಿಗೆ ಅವರ ಹಾಸಿಗೆ, ಪಾತ್ರೆ, ಗಂಟು ಎಲ್ಲ ಬೀದಿಯಲ್ಲಿದ್ದವು. ಮಗಳು ಕೈಮುಗಿದು ಏನೇನೋ ಹೇಳಿದಳು. ಇವಳು ಕಿವಿಗೆ ಹಾಕಿಕೊಳ್ಳಲಿಲ್ಲ. ಅಜ್ಜಿಗೆ ಆಗಲೇ ನಾಲ್ಕು ದಿನದಿಂದ ಕೆಮ್ಮು ಇತ್ತು, ಓಣಿ ದಾಟುವ ತನಕ ಅದು ಕೇಳಿಸುತ್ತಲೇ ಇತ್ತು.

ಎರಡು ದಿನ ಅವರು ಬಸ್‌ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ ಮಲಗಿದರು. ಮೂರನೇ ದಿನ ಹೊನ್ನಾಳಿಗೆ ಹೋದರು. ಅಲ್ಲಿ ಒಂದು ಚಹಾ ಅಂಗಡಿಯ ಕಟ್ಟೆಯ ಮೇಲೆ ಜ್ವರ ಏರಿ ಅಜ್ಜಿ ಸತ್ತಳು. ಸುದ್ದಿ ತಂದ ಕಂಡಕ್ಟರು, ಗಂಟುಗಟ್ಟಲೆ ಸ್ವೆಟರ್ ಇಟ್ಟುಕೊಂಡು ಚಳಿಗೆ ಸತ್ತಳು ನೋಡ್ರಿ ಎಂದು ನಕ್ಕನಂತೆ. ಮಹೇಶ್ವರಪ್ಪ, ಧರ್ಮ ಕೆಡಿಸಿದವರಿಗೆ ಶಿವನೇ ತೋರಿಸಿದ ಎಂದು ಹೇಳಿ ಊಟಕ್ಕೆ ಕೂತ. ಸಿದ್ದಲಿಂಗಮ್ಮನೂ ಅದನ್ನೇ ಹೇಳಿಕೊಂಡಳು. ಮಾಂಸ ತಂದರು, ನಾನು ಹೊರಗೆ ಹಾಕಿದೆ, ಇನ್ನೇನು ಮಾಡಬೇಕಿತ್ತು ಎಂದು ಬೆಳಿಗ್ಗೆ ಒಮ್ಮೆ, ಸಂಜೆ ಒಮ್ಮೆ.

ಆದರೆ ಮುಂಗೋಣೆ ಖಾಲಿಯಾಗಲಿಲ್ಲ. ಗಂಜಲ ಹಾಕಿ ತೊಳೆಸಿದರು, ಸುಣ್ಣ ಬಳಿಸಿದರು, ಅಡಿಕೆ ಚೀಲ ಸೂರಿನ ತನಕ ಒಟ್ಟಿದರು. ಮಧ್ಯಾಹ್ನ ಊಟ ಮುಗಿದು ಓಣಿ ತಣ್ಣಗಾಗುತ್ತಿದ್ದಂತೆ ಚೀಲಗಳ ಹಿಂದಿನಿಂದ ಟಿಕ್, ಟಿಕ್. ಮಹೇಶ್ವರಪ್ಪ ಇಲಿ ಎಂದ. ಇಲಿ ಎಂದು ಅವಳೂ ಒಪ್ಪಿದಳು. ಒಂದು ದಿನ ಸುಮ್ಮನೆ ಎಣಿಸಿ ನೋಡಿದಳು. ನೂರೆಂಟಕ್ಕೆ ನಿಂತಿತು. ಸ್ವಲ್ಪ ತಡೆದು ಮತ್ತೆ ಶುರುವಾಯಿತು. ಯಾವ ಇಲಿ ಹಾಗೆ ಲೆಕ್ಕ ಇಟ್ಟುಕೊಳ್ಳುತ್ತದೆ, ನೀವೇ ಹೇಳಿ.

ಆಮೇಲಾಮೇಲೆ ಗಂಟಲಿನ ಕಾಟ ಹತ್ತಿತು. ಒಂದು ತಣ್ಣನೆಯ ಎಳೆ ಇಳಿಯದೆ, ಹೊರಗೂ ಬರದೆ ಅಲ್ಲೇ ನಿಂತಂತೆ. ಶಾವಿಗೆ ಪಾಯಸ ಕಂಡರೆ ಎದ್ದುಹೋಗುತ್ತಿದ್ದಳು. ತೆಳ್ಳನೆ ಗಂಜಿಯಷ್ಟೇ ಇಳಿಯುತ್ತಿತ್ತು. ಡಾಕ್ಟರು ಬಾಯಿಗೆ ಬ್ಯಾಟರಿ ಬಿಟ್ಟು ನೋಡಿ ಏನೂ ಇಲ್ಲವಲ್ಲಮ್ಮ ಎಂದರು. ಐದು ವರ್ಷಕ್ಕೆ ಅವಳು ಅರ್ಧಕ್ಕರ್ಧ ಇಳಿದಿದ್ದಳು. ಅವಳಿಗೆ ಭಯವಾಗುತ್ತಿತ್ತು, ಅಜ್ಜಿಯ ಭಯಕ್ಕಿಂತ ಅಜ್ಜಿ ಯಾಕೆ ಹೋಗುತ್ತಿಲ್ಲ ಎಂಬ ಭಯ.

ಹೀಗಿರುವಾಗ ಜಗಳೂರಿನ ತಿಪ್ಪೇಶಪ್ಪ ಬಂದ. ಮೆಕ್ಕೆಜೋಳ, ಶೇಂಗಾ ಹೇರುವ ಲಾರಿ ಡ್ರೈವರು, ಮಹೇಶ್ವರಪ್ಪನ ಅಡಿಕೆಯನ್ನೂ ಒಯ್ಯುತ್ತಿದ್ದ. ಹೋದಲ್ಲೆಲ್ಲ ಏನು ತಿಂದೆ, ಹೆಂಗೆ ಮಾಡ್ತಾರೆ ಎಂದು ವಿಚಾರಿಸಿಕೊಂಡು ಬರುವ ಹೊಟ್ಟೆಬಾಕ. ಜಗಲಿಯ ಮೇಲೆ ಚಹಾ ಕುಡಿಯುತ್ತಾ ಮುಂಡಗೋಡಿನ ಟಿಬೆಟಿನವರ ಕ್ಯಾಂಪಿನ ಕಥೆ ತೆಗೆದ. ಅಲ್ಲಿ ತಣ್ಣಗಿನ ಒಂದು ತಿನಿಸು ಕೊಡ್ತಾರೆ, ಬೆಳ್ಳಗೆ ಜಾರ್ತಾ ಇರ್ತೈತೆ, ನೋಡಿದ್ರೆ ಮಾಂಸ ಅನ್ಬೇಕು, ಆದ್ರೆ ಬರೀ ಹೆಸರುಬೇಳೇದು ಎಂದ. ಒಳಗೆ ಬಾಗಿಲ ಮರೆಯಲ್ಲಿದ್ದ ಸಿದ್ದಲಿಂಗಮ್ಮ ಕೈಯಲ್ಲಿದ್ದ ಲೋಟ ಕೆಳಗಿಟ್ಟಳು. ಅದನ್ನು ಹೆಂಗೆ ಮಾಡ್ತಾರೆ ಎಂದು ಅಲ್ಲಿಂದಲೇ ಕೇಳಿದಳು. ತಿಪ್ಪೇಶಪ್ಪನಿಗೆ ಅಷ್ಟೇ ಬೇಕಿತ್ತು, ನೆನೆಸುವುದರಿಂದ ಹಿಡಿದು ಕೊಯ್ಯುವ ತನಕ ಹೇಳಿದ.

ಮೊದಲ ಸಲ ಅವಳು ಅವಸರ ಮಾಡಿದಳು. ಬೇಳೆ ನೆನೆಸಿ, ಒರಳಲ್ಲಿ ರುಬ್ಬಿ, ಹಳೆ ಪಂಚೆಯಲ್ಲಿ ಸೋಸಿ, ಬಂದ ಹಾಲನ್ನು ಹಾಗೇ ಒಲೆಗಿಟ್ಟಳು. ಹಳದಿ ಗಂಜಿಯಾಯಿತು. ತಟ್ಟೆಗೆ ಸುರಿದರೆ ಸಂಜೆಯಾದರೂ ಗಂಜಿಯಾಗಿಯೇ ಇತ್ತು. ಅವಳಿಗೆ ಆದ ಸಂತೋಷ ಕೇಳಬೇಡಿ. ಸದ್ಯ, ಲಾರಿಯವನು ಬುರುಡೆ ಬಿಟ್ಟಿದ್ದಾನೆ ಎಂದು ಅದನ್ನು ಎಮ್ಮೆಯ ಮುಂದೆ ಸುರಿದು ಬಂದಳು. ಆ ರಾತ್ರಿ ಎರಡು ತುತ್ತು ಅನ್ನವೂ ಇಳಿಯಿತು.

ಅಲ್ಲಿಗೆ ಬಿಟ್ಟಿದ್ದರೆ ಕೇಳುವವರು ಯಾರೂ ಇರಲಿಲ್ಲ. ಅವಳಿಗೇ ತಡೆಯಲಿಲ್ಲ. ಹಾಲು ಒಂದು ರಾತ್ರಿ ಅಲುಗಾಡದೆ ನಿಲ್ಲಬೇಕು, ಮೇಲಿನ ಹಳದಿ ನೀರು ಚೆಲ್ಲಬೇಕು, ತಳದಲ್ಲಿ ಕೂತ ಬಿಳಿ ಹಿಟ್ಟನ್ನಷ್ಟೇ ಕಾಸಬೇಕು ಎಂದು ತಿಪ್ಪೇಶಪ್ಪ ಹೇಳಿದ್ದ. ಆ ಮಾತನ್ನು ಬೇಕೆಂದೇ ಬಿಟ್ಟಿದ್ದು ಅವಳಿಗೆ ಗೊತ್ತಿತ್ತು. ಮಾರನೆಯ ಮಧ್ಯಾಹ್ನ ಚೀಲಗಳ ಹಿಂದೆ ಎಣಿಕೆ ಶುರುವಾದಾಗ ಅವಳು ಎದ್ದು ಮತ್ತೆ ಬೇಳೆ ನೆನೆಹಾಕಿದಳು.

ಈ ಸಲ ಏನನ್ನೂ ಬಿಡಲಿಲ್ಲ. ತಳದಲ್ಲಿ ಸುಣ್ಣದಂತೆ ಕೂತಿದ್ದ ಹಿಟ್ಟಿಗೆ ಐದು ಪಾಲು ನೀರು ಬೆರೆಸಿ, ಸಣ್ಣ ಉರಿಯಲ್ಲಿ ಕೈಬಿಡದೆ ತಿರುವಿದಳು. ಮೊದಲು ನೀರು, ಆಮೇಲೆ ಅಂಟು. ಗಟ್ಟಿಯಾಗಬೇಡವೇ ತಾಯಿ ಎಂದು ಬಾಯಿ ಬೇಡುತ್ತಿತ್ತು, ಕೈ ಮಾತ್ರ ತಿರುವುತ್ತಲೇ ಇತ್ತು. ನೋಡನೋಡುತ್ತಿದ್ದಂತೆ ಬಿಳುಪು ಕರಗಿ ಹೊಳಪು ಬಂತು. ಎಣ್ಣೆ ಸವರಿದ ತಟ್ಟೆಗೆ ಸುರಿದು ಎದುರಿಗೆ ಕೂತಳು. ಗಳಿಗೆಗೊಮ್ಮೆ ಬೆರಳಿಂದ ಮುಟ್ಟುವಳು. ಮೊದಮೊದಲು ಬೆರಳಿಗೆ ಹತ್ತುತ್ತಿತ್ತು. ಆಮೇಲೆ ಹತ್ತಲಿಲ್ಲ. ಅಲ್ಲಾಡಿಸಿದರೆ ನಡುಗಿತು. ಕವುಚಿದರೆ ಇಡೀ ಬಿಲ್ಲೆ ಎದ್ದು ಬಂತು. ಸುರುಳಿ ಸುತ್ತಿ ಕೊಯ್ದಳು. ಮೇಲೆ ಖಾರ, ಬೆಳ್ಳುಳ್ಳಿ ನೀರು, ನಿಂಬೆಹುಳಿ, ಸೌತೆಕಾಯಿ.

ಅದೇ ತಟ್ಟೆ. ಅಜ್ಜಿ ಮುಂದಿಟ್ಟದ್ದು ಇದೇ. ಆದರೂ ಮನಸ್ಸಿನ ಮೂಲೆಯಲ್ಲಿ ಒಂದು ಆಸೆ. ತನ್ನ ಕಣ್ಣು ಮೋಸ ಮಾಡಬಹುದು, ಅವತ್ತು ನೋಡಿ ತೀರ್ಪು ಕೊಟ್ಟವಳು ಎದುರುಮನೆಯಲ್ಲೇ ಇದ್ದಾಳಲ್ಲ. ಹೋಗಿ ಕರೆದಳು. ಕೊಲ್ಲಾಪುರಮ್ಮ ಕೈಯೊರೆಸಿಕೊಳ್ಳುತ್ತಾ ಬಂದವಳು ಅಡುಗೆಮನೆಯ ಬಾಗಿಲಲ್ಲೇ ನಿಂತುಬಿಟ್ಟಳು.

“ಇದೇನಕ್ಕ, ನಿಮ್ಮನೆಯಾಗೆ ಕರುಳು ಹೆಂಗೆ ಬಂತು?”

“ಹೆಸರುಬೇಳೆ,” ಎಂದಳು ಸಿದ್ದಲಿಂಗಮ್ಮ. “ನಾನೇ ರುಬ್ಬಿದ್ದು.”

ಕೊಲ್ಲಾಪುರಮ್ಮ ನಂಬದೆ ಹತ್ತಿರ ಬಂದು ಒಂದೆಳೆ ಎತ್ತಿ ಮೂಸಿದಳು, ಬೆರಳಲ್ಲಿ ಹಿಸುಕಿದಳು. ಅವಳ ಮುಖ ಸಣ್ಣಗಾಯಿತು. ಅವಳೇನು ಕೆಟ್ಟವಳಲ್ಲ, ಕಂಡದ್ದು ಹೇಳಿದ್ದಳು. ಗೋಡೆಗೆ ಒರಗಿ ಕೂತಳು. ಆಮೇಲೆ ಸಿದ್ದಲಿಂಗಮ್ಮನ ಕೈ ಹಿಡಿದುಕೊಂಡು, ನಮಗೆ ಗೊತ್ತಿರಲಿಲ್ವಲ್ಲಕ್ಕ, ಗೊತ್ತಿಲ್ಲದೆ ಆಗಿದ್ದಕ್ಕೆ ಶಿವ ಯಾಕೆ ಮುನಿಸ್ಕಂತಾನೆ ಎಂದಳು. ಒಳ್ಳೆಯ ಮನಸ್ಸಿನಿಂದಲೇ ಹೇಳಿದಳು. ಆ ಮಾತನ್ನು ಒಪ್ಪಿಕೊಂಡಿದ್ದರೆ ಸಿದ್ದಲಿಂಗಮ್ಮ ಆ ಕಾಟದಿಂದ ಪಾರಾಗುತ್ತಿದ್ದಳೇನೋ. ಬೇರೆಯವರ ಬಾಯಿಂದ ಕೇಳಿದಾಗ ಅದು ಸುಳ್ಳೆಂದು ಅವಳಿಗೆ ಸ್ಪಷ್ಟವಾಗಿ ಕೇಳಿಸಿತು. ಐದು ವರ್ಷ ಯಾರಿಗೂ ಹೇಳದ್ದು, ತನಗೆ ತಾನೂ ಹೇಳಿಕೊಳ್ಳದ್ದು, ಬಾಯಿಗೆ ಬಂತು.

“ನಿನಗೆ ಗೊತ್ತಿರಲಿಲ್ಲ. ನನಗೆ ಗೊತ್ತಿತ್ತು,” ಎಂದಳು. “ಹೋಗ್ತಾ ಅಜ್ಜಿ ನನ್ನ ಮುಂದೆ ಮುಷ್ಟಿ ಬಿಚ್ಚಿದ್ಲು. ಅದ್ರಾಗೇನೈತೆ ಅಂತ ನೋಡದೇನೇ ಕೈ ತಳ್ಳಿದೆ. ಬೆಳಿಗ್ಗೆ ಹೊಸ್ತಿಲು ಸಾರಿಸಾಕೆ ಬಗ್ಗಿದ್ರೆ ನೆನೆದ ಹೆಸರುಕಾಳು ಬಿದ್ದಿದ್ವು ಕೊಲ್ಲಾಪುರಿ, ಅರ್ಧ ಸಿಪ್ಪೆ ಬಿಟ್ಟಿದ್ವು. ಅಷ್ಟು ತಿಳಿಯದೋಳಾ ನಾನು? ಒಂದೊಂದೇ ಆಯ್ದು ಹಿತ್ಲಾಗೆ ಮಣ್ಣು ಮಾಡಿದೆ, ಯಾರಿಗೂ ಕಾಣದಂಗೆ. ಅವತ್ತಿನ್ನೂ ಅವ್ರು ಬಸ್‌ಸ್ಟ್ಯಾಂಡಿನಾಗೇ ಇದ್ರು. ಹೋಗಿ ಕರೀಬೋದಿತ್ತು. ಹೋದ್ರೆ ಓಣಿಯೋರ ಮುಂದೆ ತಪ್ಪಾಯ್ತು ಅನ್ಬೇಕಾಗ್ತಿತ್ತು, ಅದಕ್ಕೆ ಹೋಗ್ಲಿಲ್ಲ.”

ಕೊಲ್ಲಾಪುರಮ್ಮ ಹಿಡಿದಿದ್ದ ಕೈಯನ್ನು ಬಿಟ್ಟಳು.