ಗಂಟವ್ವನ ಪಾರ್ಟು

ನಾನು ಬಸ್ ಕಂಡಕ್ಟರು. ಜಮಖಂಡಿ–ಸಾವಳಗಿ ರೂಟಿನಲ್ಲಿ ರೇಷ್ಮಾ ಎಂದರೆ ಸಾಕು, ಬಾಗಿಲಲ್ಲಿ ಜೋತುಬಿದ್ದ ಕಾಲೇಜು ಹುಡುಗರು ತಾವಾಗಿಯೇ ಒಳಗೆ ಸರಿಯುತ್ತಾರೆ. ನನ್ನ ದನಿ ಅಂಥದ್ದು, ಸಿಟ್ಟೂ ಅಂಥದ್ದೇ. ಆ ದನಿ ಕೇಳಿಯೇ ಸಂಜಯ ನನ್ನನ್ನು ತನ್ನ ಸಿನಿಮಾಕ್ಕೆ ಕರೆದ. ನಾಯಕಿಯ ಪಾರ್ಟಿಗಲ್ಲ, ಪ್ಲೇಗಿನ ರಾಕ್ಷಸಿಯ ಪಾರ್ಟಿಗೆ.

ಸಂಜಯ ನಮ್ಮೂರ ಗಿರಿಮಲ್ಲಪ್ಪ ಗೌಡರ ಮಗ. ಬನಹಟ್ಟಿಯಲ್ಲಿ ಮದುವೆಯ ವಿಡಿಯೋ ತೆಗೆಯುವ ಅಂಗಡಿ ಇಟ್ಟಿದ್ದ. ಆಗ ಸೀಡಿಗಳ ಕಾಲ. ಜವಾರಿ ಮಾತಿನಲ್ಲಿ ನಗಿಸುವ ಕಾಮಿಡಿ ಸೀಡಿ ಸಂತೆಯಲ್ಲಿ ಚುರುಮುರಿಯ ಹಾಗೆ ಖರ್ಚಾಗುತ್ತಿತ್ತು. ಅವನೂ ಒಂದು ಮಾಡಲು ಹೊರಟ, ಹೆಸರು 'ಗಂಟವ್ವನ ಸಂಹಾರ'. ಊರಿಗೆ ಪ್ಲೇಗು ಬರುತ್ತದೆ, ಶೂರ ರಾಜ ಕುದುರೆ ಏರಿ, ಬೇಟೆನಾಯಿ ಕಟ್ಟಿಕೊಂಡು ಬಂದು ಪ್ಲೇಗಿನ ರಾಕ್ಷಸಿಯನ್ನು ಕೃಷ್ಣಾ ಹೊಳೆಯ ಆಚೆ ಅಟ್ಟುತ್ತಾನೆ. ನಮ್ಮೂರಲ್ಲಿ ಎಲ್ಲರೂ ಕೇಳಿದ ಕತೆಯೇ, ಗೌಡರ ಅಜ್ಜನ ಶೌರ್ಯದ ಕತೆ. ಖರೆ ಪ್ಲೇಗು ಬಂದದ್ದು ಸಂಸ್ಥಾನದ ಕಾಲಕ್ಕೆ. ಸಂಜಯ ಅದನ್ನು ಐನೂರು ವರ್ಷ ಹಿಂದಕ್ಕೆ ತಳ್ಳಿದ, ಯಾಕೆಂದರೆ ನಾಟಕದ ಸಾಮಾನು ಬಾಡಿಗೆ ಕೊಡುವವನ ಹತ್ತಿರ ಇದ್ದದ್ದು ಕಿರೀಟ ಮತ್ತು ಕತ್ತಿ ಮಾತ್ರ. ಕಿರೀಟ ಯಾರ ತಲೆಗೆ ಎಂದು ಕೇಳುವುದೇ ಬೇಡ, ದುಡ್ಡು ಹಾಕಿದ ಗೌಡರ ತಲೆಗೇ.

ರಾಕ್ಷಸಿ ಯಾರೆಂಬುದನ್ನೂ ಹೇಳಿಬಿಡುತ್ತೇನೆ. ಅವಳು ನನ್ನ ಮುತ್ತಜ್ಜಿ ಲಗಮವ್ವ. ಪ್ಲೇಗು ಬಂದವರ ಕಂಕುಳಲ್ಲಿ ಗಂಟು ಏಳುತ್ತಿತ್ತು, ಅದಕ್ಕೆ ಜನ ಅದನ್ನು ಗಂಟುಬ್ಯಾನಿ ಎಂದರು. ಊರಿಗೆ ಊರೇ ಮನೆ ಬಿಟ್ಟು ಅಡವಿಯಲ್ಲಿ ಗುಡಿಸಲು ಹಾಕಿದಾಗ, ಬಂಗಾರದ ಗಂಟುಗಳನ್ನು ಕದ್ದವಳು ಲಗಮವ್ವ, ಬ್ಯಾನಿ ತಂದವಳೂ ಅವಳೇ ಎಂದು ಕತೆ. ಗಂಟುಬ್ಯಾನಿ, ಗಂಟುಗಳ್ಳಿ, ಎರಡೂ ಕೂಡಿ ನಮ್ಮ ಮನೆತನಕ್ಕೆ 'ಗಂಟಿನವರು' ಎಂಬ ಅಡ್ಡಹೆಸರು ಬಿತ್ತು. ಅಪ್ಪ ಸಾಲಿ ಮಾಸ್ತರರಾದರು, ನಾನು ಖಾಕಿ ಹಾಕಿದೆ, ಆ ಹೆಸರು ಮಾತ್ರ ಬೆನ್ನು ಬಿಡಲಿಲ್ಲ.

ಅಪ್ಪನ ತಾಯಿ, ನನ್ನ ಆಯಿ ಮುದಕವ್ವ, ಲಗಮವ್ವನ ಸೊಸೆ. ಅವಳು ಅತ್ತೆಯ ಬಾಯಿಂದಲೇ ಕೇಳಿದ್ದು ಬೇರೆ. ಖಾಲಿ ಊರನ್ನು ಕಾಯಲು ಬಿಟ್ಟುಹೋದದ್ದು ಲಗಮವ್ವನನ್ನೂ ಅವಳ ಗಂಡನನ್ನೂ. ಅವಳ ಹಿರಿ ಮಗ ಆ ಬ್ಯಾನಿಯಲ್ಲೇ ಆಗತಾನೆ ಸತ್ತಿದ್ದ. ಬ್ಯಾನಿ ಬಿದ್ದ ಮನೆಗೆ ಕಳ್ಳನೂ ಕಾಲಿಡುವುದಿಲ್ಲ ಎಂದು ಲೆಕ್ಕ ಹಾಕಿ, ಅಂದಿನ ಗೌಡ, ಈಗಿನ ಗೌಡರ ಅಜ್ಜ, ತಾನೇ ಊರ ಹೊರಗಿನ ನಮ್ಮ ಕೇರಿಗೆ ಬಂದು, ಬಾಗಿಲ ಹೊರಗೆ ನಿಂತು, ತನ್ನ ಗಂಟು ಒಳಗೆ ಇಡಿಸಿದ. ಅವನನ್ನು ನೋಡಿ ಉಳಿದವರೂ ಇಟ್ಟರು. ಊರು ತಿರುಗಿ ಬಂದಾಗ ಲಗಮವ್ವ ಎಲ್ಲರ ಗಂಟೂ ಬಿಚ್ಚದೆ ಕೊಟ್ಟಳು. ಆದರೆ ತನ್ನ ಮನೆಯ ಬಂಗಾರ ಕೇರಿಯ ಮನೆಯಲ್ಲಿ ಇತ್ತು ಎಂದು ಹೇಳಿಕೊಳ್ಳಲು ಗೌಡನಿಗೆ ನಾಚಿಕೆ. 'ಅಲ್ಲಿ ಇಟ್ಟಿದ್ದೆ' ಎನ್ನಲಿಲ್ಲ, 'ಅಲ್ಲಿ ಸಿಕ್ತು' ಎಂದ. ಅಷ್ಟರಿಂದಲೇ ನನ್ನ ಮುತ್ತಜ್ಜಿ ಕಳ್ಳಿಯಾದಳು. ನೆನೆದರೆ ಈಗಲೂ ನನಗೆ ಮೈಯೆಲ್ಲ ಉರಿಯುತ್ತದೆ.

ಪಾರ್ಟು ಒಪ್ಪಿಕೊಂಡೆನೆಂದು ತಿಳಿದು ಆಯಿ ಊಟ ಬಿಟ್ಟು ಎದ್ದಳು.

"ಇಷ್ಟ ದಿನಾ ಊರಾಗಿನ ಮಾತು ಊರಾಗ ಇತ್ತು. ಸೀಡ್ಯಾಗ ಹೋದ್ರ ಮುಧೋಳ, ಬೀಳಗಿ ಎಲ್ಲಾ ಕಡಿ ಹೋಗತೈತಿ. ನಮ್ಮತ್ತಿ ಇನ್ನೊಮ್ಮಿ ಸಾಯಬೇಕೇನ?"

"ನಾ ಹೋಗಲಿಲ್ಲಂದ್ರ ಬ್ಯಾರೆದಾಕಿ ಹೋಗಿ ಗೌಡರ ಕಾಲಿಗೆ ಬೀಳ್ತಾಳ, ಆಯಿ," ಎಂದೆ. "ನಾ ಬೀಳೂದಿಲ್ಲ."

ಅವಳು ನಂಬಲಿಲ್ಲ. ಆದರೂ ಶೂಟಿಂಗಿನ ದಿನ ಸೆರಗು ಹೊದ್ದು ಬಂದು ಜನರ ಹಿಂದೆ ಕೂತಿದ್ದಳು.

ಊರ ಹೊರಗಿನ ಹೊಲದಲ್ಲಿ ಶೂಟಿಂಗು. ಮೊದಲು ಹೆಣಗಳ ಸೀನು. ಊರ ಮಂದಿಯನ್ನೇ ಚಕ್ಕಡಿಯಲ್ಲಿ ಸಾಲಾಗಿ ಮಲಗಿಸಿದ್ದರು. ಒಂದು ಹೆಣ ಚಹಾ ಕೇಳಿತು, ಇನ್ನೊಂದು ಪಕ್ಕದ ಹೆಣದ ಕೆನ್ನೆಯ ಮೇಲೆ ಕೂತ ನೊಣ ಹೊಡೆಯಿತು, ಏಟು ತಿಂದ ಹೆಣ ಎದ್ದು ಜಗಳಕ್ಕೆ ನಿಂತಿತು. ತಿಮ್ಮಾಪುರದ ಕಡೆಯಿಂದ ತರಿಸಿದ ಬೇಟೆನಾಯಿ ಜೀಪಿನ ಕೆಳಗೆ ಹೋಗಿ ಮಲಗಿದ್ದು ಏನು ಮಾಡಿದರೂ ಏಳಲಿಲ್ಲ. ಕುದುರೆ ಮದುವೆ ಮೆರವಣಿಗೆಯದು, ಬ್ಯಾಂಡಿನ ಸಪ್ಪಳ ಇಲ್ಲದೆ ಹೆಜ್ಜೆ ಇಡದು. ಕೊನೆಗೆ ಮೊಬೈಲಿನಲ್ಲಿ ಬ್ಯಾಂಡಿನ ಹಾಡು ಹಚ್ಚಿದರು. ಪ್ಲೇಗಿನ ಮೇಲೆ ಯುದ್ಧಕ್ಕೆ ನಮ್ಮ ರಾಜ ಕುಣಿಯುತ್ತ ಬಂದ. ನಾನೂ ಹೊಟ್ಟೆ ಹಿಡಿದುಕೊಂಡು ನಕ್ಕೆ, ಸುಳ್ಳು ಯಾಕೆ ಹೇಳಲಿ.

ಆಮೇಲೆ ನನ್ನ ಸೀನು. ಕಪ್ಪು ಸೀರೆ, ಬೆನ್ನ ಮೇಲೆ ದೊಡ್ಡ ಬಟ್ಟೆಗಂಟು. ರಾಜ ಗದರಿಸಬೇಕು, ನಾನು ಗಂಟನ್ನು ಅವನ ಮುಂದಿಟ್ಟು, ಕಾಲಿಗೆ ಬಿದ್ದು, ಕಿವಿ ಹಿಡಿದು ಬಸ್ಕಿ ಹೊಡೆಯಬೇಕು. ಗೌಡರು ಕತ್ತಿ ಎತ್ತಿ, "ಎಲೈ ದುಷ್ಟೆ, ನನ್ನ ಪ್ರಜೆಗಳ ಗಂಟು ಕದ್ದವಳೇ, ಶರಣಾಗು," ಎಂದರು.

ನಾನು ಬಸ್ಸಿನಲ್ಲಿ ನಿಲ್ಲುವ ಹಾಗೆ ಸೊಂಟದ ಮೇಲೆ ಕೈ ಇಟ್ಟು ನಿಂತೆ. "ಅದಿರಲಿ ಮಹಾರಾಜರ, ಊರಿಗೆ ಬ್ಯಾನಿ ಬಂದಾಗ ನೀವು ಎಲ್ಲಿದ್ರಿ?"

ಜನ ಗೊಳ್ಳೆಂದು ನಕ್ಕರು. ಗೌಡರು ಅದೇ ಮಾತನ್ನು ಇನ್ನೂ ಜೋರಾಗಿ ಹೇಳಿದರು. ನಾನೂ ಅದನ್ನೇ ಕೇಳಿದೆ. ಹತ್ತಿದ್ದು ಎಲ್ಲಿ, ಇಳಿದದ್ದು ಎಲ್ಲಿ, ಅಷ್ಟು ಹೇಳಿಬಿಡಿ, ಟಿಕೀಟು ಹರಿಯುತ್ತೇನೆ ಎಂದೆ. ಚಕ್ಕಡಿಯ ಹೆಣಗಳು ಎದ್ದು ಕೂತು ನಗಲು ಶುರುಮಾಡಿದವು. ಕ್ಯಾಮೆರಾ ನಿಲ್ಲಿಸು ಎಂದು ಗೌಡರು ಮಗನಿಗೆ ಕೂಗಿದರು. ಅವನು ನಿಲ್ಲಿಸಲಿಲ್ಲ. ಬೆಳಗಿನಿಂದ ಅವನು ಕಾಯುತ್ತಿದ್ದ ನಗೆ ಈಗ ಬಂದಿತ್ತು.

ಈಕೆ ಬೇಡ, ಆ ಕಪ್ಪು ಸೀರೆ ಉಟ್ಟರೆ ಯಾರಾದರೂ ರಾಕ್ಷಸಿಯೇ ಎಂದು ಗೌಡರು ತಮ್ಮ ಮಗಳು ಅಕ್ಷತಾಳನ್ನು ಕರೆದರು. ಜೀಪಿನ ಮರೆಗೆ ಹೋಗಿ ಸೀರೆ ಬಿಚ್ಚಿಕೊಟ್ಟೆ. ಆಯಿಯ ಮುಖ ನೋಡುವ ಧೈರ್ಯ ಆಗಲಿಲ್ಲ. ಎಲ್ಲ ಮುಗಿಯಿತು, ಈ ಹುಡುಗಿ ಈಗ ಬೀಳುತ್ತಾಳೆ, ಲಗಮವ್ವ ಬೀಳುತ್ತಾಳೆ ಎಂದುಕೊಂಡೆ.

ಅಕ್ಷತಾ ಗಂಟು ಹೊತ್ತು ನಿಂತಳು. ಗೌಡರು ಕತ್ತಿ ಎತ್ತಿ ಶರಣಾಗು ಎಂದರು. ಜನರೆಲ್ಲ ಅವಳ ಬಾಯಿಯನ್ನೇ ನೋಡುತ್ತಿದ್ದರು. ಅವಳಿಗೆ ನಮ್ಮ ಮನೆಯ ದುಃಖ ಗೊತ್ತಿರಲಿಲ್ಲ, ಚಪ್ಪಾಳೆ ಬೀಳುವ ಮಾತು ಯಾವುದೆಂದು ಮಾತ್ರ ಗೊತ್ತಿತ್ತು.

"ಅದಿರಲಿ ಅಪ್ಪಾ," ಎಂದು ನಾಲಿಗೆ ಕಚ್ಚಿಕೊಂಡು, "ಅಲ್ಲ, ಮಹಾರಾಜರ, ಬ್ಯಾನಿ ಬಂದಾಗ ನೀವು ಎಲ್ಲಿದ್ರಿ?" ಎಂದಳು.

ಹೊಲಕ್ಕೆ ಹೊಲವೇ ನಕ್ಕಿತು. ಗೌಡರು ಕಿರೀಟ ಕಿತ್ತರು. ಮುಖ ಕೆಂಪಾಗಿತ್ತು, ರಾಜ ಎಲ್ಲೋ ಹೋಗಿ ಗಿರಿಮಲ್ಲಪ್ಪ ಒಬ್ಬರೇ ಉಳಿದಿದ್ದರು.

"ಎಲ್ಲಿರಬೇಕ? ಅಡವ್ಯಾಗ ಇದ್ವಿ. ಊರಾಗ ಇದ್ದು ಸಾಯಬೇಕಿತ್ತೇನ? ಸುಮ್ನ ಓಡಿಹೋಗಲಿಲ್ಲ, ನಮ್ಮ ಮುತ್ಯಾ ಲಗಮವ್ವನ ಮನ್ಯಾಗ ಗಂಟು ಇಟ್ಟ..."

ಅಲ್ಲಿಗೆ ನಿಂತರು. ನಗೆಯೂ ನಿಂತಿತು. ಅವರ ಮನೆಯಲ್ಲೂ ಖರೆ ಕತೆ ಗೊತ್ತಿತ್ತು, ಮೂರು ತಲೆಮಾರಿನಿಂದ ಗೊತ್ತಿತ್ತು. ನನಗೆ ಚೀರಬೇಕೆನಿಸಿತು, ಚೀರಲಿಲ್ಲ.

"ಆಕಿ ತಿರುಗಿ ಕೊಟ್ಟಳೋ ಇಲ್ಲೋ, ಗೌಡ್ರ?" ಎಂದು ಕೇಳಿದೆ.

ಅವರು ಕಪ್ಪು ಸೀರೆಯಲ್ಲಿ ನಿಂತ ಮಗಳನ್ನು ನೋಡಿದರು. "ಕೊಟ್ಟಳು," ಎಂದರು, ತುಟಿ ಮಾತ್ರ ಅಲುಗಿತು.

ಜನರ ಹಿಂದಿನಿಂದ ಆಯಿ ಎದ್ದಳು. ಹೆಣಗಳು ದಾರಿ ಬಿಟ್ಟವು. ನೆಟ್ಟಗೆ ನಡೆದು ಬಂದು ಕ್ಯಾಮೆರಾದ ಎದುರು, ಗೌಡರ ಪಕ್ಕದಲ್ಲಿ ನಿಂತಳು.

"ಇನ್ನೊಮ್ಮಿ ಅನ್ರಿ ಗೌಡ್ರ. ನನಗ ಕಿವಿ ಮಂದ ಅದಾವು."

ಆಯಿಯ ಕಿವಿಗೆ ಏನೂ ಆಗಿರಲಿಲ್ಲ. ಒಳಗಿನ ಕೋಣೆಯಲ್ಲಿ ನಾವು ಪಿಸುಗುಟ್ಟಿದರೂ ಅವಳಿಗೆ ಕೇಳಿಸುತ್ತದೆ. ಗೌಡರು ಬಗ್ಗಿ, ಕೊಟ್ಟಳು ಎಂದು ಗಟ್ಟಿಯಾಗಿ ಹೇಳಿದರು.

"ಅದರ ಮೊದಲಿಂದು ಅನ್ರಿ. ಗಂಟು ಅಲ್ಲಿ ಸಿಕ್ತೋ, ನೀವು ಇಟ್ಟಿದ್ರೋ?"

ಸಂಜಯ ಕ್ಯಾಮೆರಾ ಹಿಡಿದು ಎರಡು ಹೆಜ್ಜೆ ಹತ್ತಿರ ಬಂದ. ಗೌಡರು ಅವನನ್ನು ನೋಡಿದರು, ಮಗಳನ್ನು ನೋಡಿದರು, ತಪ್ಪಿಸಿಕೊಳ್ಳಲು ಹಾದಿ ಇರಲಿಲ್ಲ.

"ನಾವ ಇಟ್ಟಿದ್ವಿ."

ಆಯಿ ತಲೆ ಆಡಿಸಿದಳು. ಆಮೇಲೆ ಚಕ್ಕಡಿಯ ಹೆಣಗಳ ಕಡೆಗೆ, ಹೊಲದ ತುಂಬ ನಿಂತ ಊರಿನ ಕಡೆಗೆ ತಿರುಗಿದಳು.

"ನನಗ ಕೇಳಿಸ್ತು," ಎಂದಳು. "ನಿಮಗ ಕೇಳಿಸ್ತೋ ಇಲ್ಲೋ?"