ವಾಸ: ಸದರಿ ಸ್ಥಳ

ನಮ್ಮ ಅಡುಗೆಮನೆಯ ನೆಲದ ಮೇಲೆ ಸುಣ್ಣದ ಗೆರೆಯೊಂದು ಬಿದ್ದಿತ್ತು. ಒಲೆ ಗೆರೆಯ ಆಚೆ, ನೀರಿನ ಕೊಡ ಈಚೆ. ಪರೀಕ್ಷೆ ಮುಗಿಸಿ ಹಾಸ್ಟೆಲಿನಿಂದ ನಾನು ಬಂದಾಗ ಅವ್ವ ಅದನ್ನು ದಾಟಿ ಓಡಾಡುತ್ತ ರೊಟ್ಟಿ ಬಡಿಯುತ್ತಿದ್ದಳು.

"ಇದೇನವ್ವಾ?"

"ಕೋರ್ಟಿನವರು ಅಳಿಯಾಕ ಬಂದಿದ್ರು. ಒಲಿ ಗುರುಶಾಂತಪ್ಪಗಂತ, ಕೊಡ ಅಡಿವೆಪ್ಪಗಂತ."

"ಮತ್ತ ನಮಗ?"

"ನಮ್ಮನ್ನ ಯಾರೂ ಕೇಳಲಿಲ್ಲ. ತುಳೀಬ್ಯಾಡ, ಕೋರ್ಟಿನ ಗೆರಿ ಅದು."

ಗುರುಶಾಂತಪ್ಪ, ಅಡಿವೆಪ್ಪ ನಮ್ಮ ಓಣಿಯ ದೊಡ್ಡ ಮನೆಯ ಅಣ್ಣತಮ್ಮಂದಿರು. ಅವರ ತಂದೆ ಹಿತ್ತಿಲ ಒಂದು ಮೂಲೆಯನ್ನು ನನ್ನ ಅಪ್ಪ ಯಮನಪ್ಪನಿಗೆ ಕೊಟ್ಟಿದ್ದರು. ಮಾತಿನಲ್ಲಿ ಕೊಟ್ಟಿದ್ದರು, ಕಾಗದದಲ್ಲಲ್ಲ. ಗೋಡೆ ಎಬ್ಬಿಸಿದವರು ಅಪ್ಪ, ಅವ್ವ. ಅಪ್ಪ ಸತ್ತ ಮೇಲೆ ಅವ್ವ ಅಲ್ಲೇ ರೊಟ್ಟಿ ಮಾಡಿ ಮಾರಿ ನನ್ನನ್ನು ಓದಿಸಿದಳು. ಈಗ ತಮ್ಮ ಅಡಿವೆಪ್ಪ ಅಣ್ಣನ ಮೇಲೆ ಪಾಲಿನ ದಾವೆ ಹೂಡಿದ್ದ. ಅದರಲ್ಲಿ ನಮ್ಮ ಮನೆಯಿತ್ತು, ನಮ್ಮ ಹೆಸರಿರಲಿಲ್ಲ.

ಕೋರ್ಟಿಗೆ ಹೋದ ಮೊದಲ ದಿನವೇ ಗುಟ್ಟು ರಟ್ಟಾಯಿತು. ಒಳಗೆ ಮುಖ ತಿರುಗಿಸಿ ನಿಂತಿದ್ದ ಅಣ್ಣತಮ್ಮಂದಿರು ಹೊರಗೆ ಬೇವಿನ ಮರದಡಿ ಒಂದೇ ತಟ್ಟೆಯಲ್ಲಿ ಮಿರ್ಚಿ ಭಜಿ ತಿನ್ನುತ್ತಿದ್ದರು.

"ಜಗಳಿಲ್ಲವ್ವಾ ಇವರಿಗೆ," ಎಂದರು ನಮ್ಮ ವಕೀಲ ತಿರಕಪ್ಪನವರು. "ನಾಳೆ ರಾಜಿ ಆಗ್ತಾರ. ಖಾಲಿ ಜಾಗ ಅಂತ ಹಂಚಿಕೊಂಡು, ಆ ಡಿಕ್ರಿ ಹಿಡಕೊಂಡು ನಿಮ್ಮನ್ನ ಎಬ್ಬಸ್ತಾರ. ಅದಕ್ಕ ಮೊದಲ ನೀವು ದಾವೆದಾಗ ಸೇರಬೇಕು."

ಸೇರಿಸಿಕೊಳ್ಳಿರೆಂದು ಅರ್ಜಿ ಕೊಟ್ಟೆವು. ಅಡಿವೆಪ್ಪನ ವಕೀಲ ಎದ್ದು ನಿಂತ. "ಸ್ವಾಮಿ, ಇದು ಒಂದೇ ಮನೆತನದ ವ್ಯಾಜ್ಯ. ಈಕೆ ಮೂರನೆಯವಳು. ಯಾರ ಮೇಲೆ ದಾವೆ ಹೂಡಬೇಕೆಂಬುದು ವಾದಿಗೆ ಬಿಟ್ಟದ್ದು."

ಹಿಂದಿನಿಂದ ಅವ್ವ ಕೂಗಿದಳು: "ಒಲಿ ನಂದು, ಕೊಡ ನಂದು. ನಾ ಹೆಂಗ ಮೂರನೇದಾಕಿ ಆದೆ?"

ಕೋರ್ಟಿನಲ್ಲಿದ್ದವರು ನಕ್ಕರು. ಆ ನಗೆಯನ್ನು ನಾನು ಇಂದಿಗೂ ಕ್ಷಮಿಸಿಲ್ಲ.

ಅಳೆಯಲು ಬಂದವರು ಬರೆದ ಸ್ಥಳದ ಪಂಚನಾಮೆಯಲ್ಲಿ ಜಾಗ ಖಾಲಿ ಎಂದಿದೆಯಲ್ಲ, ನೀವು ಅಲ್ಲಿರುವುದಕ್ಕೆ ಪುರಾವೆ ಏನೆಂದು ನ್ಯಾಯಾಧೀಶರು ಕೇಳಿದರು. ವಾಯಿದೆ ಮುಂದೆ ಹೋಯಿತು. ನಾನು ಪಂಚನಾಮೆಯ ನಕಲು ಪಡೆದು ಮೆಟ್ಟಿಲ ಮೇಲೆ ಕೂತು ಓದಿದೆ. "ಸದರಿ ಸ್ಥಳವು ಖಾಲಿ ಇದ್ದು, ಯಾರೂ ವಾಸವಿರುವುದಿಲ್ಲ." ಕೆಳಗೆ ಇಬ್ಬರು ಪಂಚರು. ಒಬ್ಬನದು ಸಹಿ, ಇನ್ನೊಬ್ಬರದು ಹೆಬ್ಬೆಟ್ಟು. ಪಕ್ಕದಲ್ಲಿ ಹೆಸರಿತ್ತು: ಅವ್ವನ ಹೆಬ್ಬೆಟ್ಟು.

"ಇದಕ್ಕ ನೀನ ಒತ್ತೀಯೇನು?"

"ಗುರುಶಾಂತಣ್ಣ ಕರದ. ಪಂಚರು ಇಬ್ಬರು ಬೇಕು, ಒಬ್ಬಾಂವ ಬಂದಿಲ್ಲ, ಹಿಟ್ಟಿನ ಕೈ ಒರಿಸಿಕೊಂಡು ಬಾ ಅಂದ. ಬಂದವರಿಗೆ ಬಿಸಿ ರೊಟ್ಟಿನೂ ಕೊಟ್ಟೆ."

ತನ್ನ ಮನೆ ಇಲ್ಲವೆಂಬುದಕ್ಕೆ ತಾನೇ ಸಾಕ್ಷಿ. ನನಗೆ ಅವಳ ಮೇಲೂ ಸಿಟ್ಟು ಬಂತು. ಕಾಗದ ಮಡಚುವ ಮುಂಚೆ ಹೆಬ್ಬೆಟ್ಟಿನ ಪಕ್ಕದ ಸಾಲು ಪೂರ್ತಿಯಾಗಿ ಕಣ್ಣಿಗೆ ಬಿತ್ತು. ಯಾವ ಪಂಚನಿಗಾದರೂ ಬರೆಯುವ ವಿವರವನ್ನು ಗುಮಾಸ್ತ ರೂಢಿಯಂತೆ ಬರೆದಿದ್ದ: "ಬಾಳವ್ವ ಕೋಂ ಯಮನಪ್ಪ, ಉದ್ಯೋಗ: ರೊಟ್ಟಿ ವ್ಯಾಪಾರ, ವಾಸ: ಸದರಿ ಸ್ಥಳ."

ಮುಂದಿನ ವಾಯಿದೆಯಲ್ಲಿ ತಿರಕಪ್ಪನವರು ವಾದವನ್ನೇ ಮಾಡಲಿಲ್ಲ. ಎರಡು ಸಾಲುಗಳನ್ನು ಒಂದರ ಹಿಂದೆ ಒಂದು ಓದಿ ಕೂತರು. ನ್ಯಾಯಾಧೀಶರು ಕನ್ನಡಕ ತೆಗೆದರು. "ಖಾಲಿ ಜಾಗದಲ್ಲಿ ವಾಸವಿರುವ ಪಂಚರು. ಇದಕ್ಕೇನಂತೀರಿ?" ಅಡಿವೆಪ್ಪನ ವಕೀಲ ಫೈಲಿನಲ್ಲಿ ಏನನ್ನೋ ಹುಡುಕತೊಡಗಿದ.

ಅರ್ಜಿ ಮಂಜೂರಾಯಿತು. ಅವ್ವ ಎರಡನೆಯ ಪ್ರತಿವಾದಿಯಾದಳು.

"ಕಸಗೊಳ್ಳಾಕ ಬಂದವರು ಅವರು, ತಪ್ಪಿತಸ್ಥಳು ನಾನೇನು?" ಎಂದು ತಿರಕಪ್ಪನವರ ಮೇಲೆ ಹರಿಹಾಯ್ದಳು.

"ತಪ್ಪಿತಸ್ಥಳು ಅಲ್ಲಬೇ, ಪ್ರತಿವಾದಿ. ಒಳಗ ಬರಾಕ ಅದೊಂದ ಬಾಗಲಾ ಐತಿ."

ಆ ದಿನ ಮನೆಗೆ ಬಂದವಳೇ ಸುಣ್ಣದ ಗೆರೆಯನ್ನು ಸಾರಿಸಿ ಹಾಕಿದಳು. ನಾವು ಗೆದ್ದಿರಲಿಲ್ಲ. ದಾವೆ ಮುಂದೆ ವರ್ಷಗಟ್ಟಲೆ ಎಳೆಯಿತು, ನನ್ನ ಓದೂ ಮುಗಿಯಿತು. ಆದರೆ ಮತ್ತೆ ಅಳೆಯಬೇಕಾದರೆ ಅವ್ವನಿಗೆ ನೋಟಿಸು ಕೊಟ್ಟೇ ಬರಬೇಕಿತ್ತು.

ಅರ್ಜಿ ಮಂಜೂರಾದ ತಿಂಗಳೊಳಗೆ ಕೋರ್ಟಿನ ಜವಾನ ಮೊದಲ ನೋಟಿಸು ಹಿಡಿದು ಓಣಿಗೆ ಬಂದ.

"ಬಾಳವ್ವನ ಮನಿ ಇದ ಏನ್ರೀ?"

ಅವ್ವ ಒಲೆಯ ಮುಂದಿನಿಂದ ಏಳಲಿಲ್ಲ. "ಕೇಳಸಲಿಲ್ಲ. ಜೋರಾಗಿ ಅನ್ನಪಾ."

ಅವನು ಕೂಗಿದ.

"ಇನ್ನೂ ಜೋರಾಗಿ."

ಅವನು ಚಪ್ಪಲಿ ಬಿಟ್ಟು ಕಟ್ಟೆ ಹತ್ತಿ ನಿಂತು, ಬಾಯಿಗೆ ಕೈ ಅಡ್ಡ ಹಿಡಿದು ಕೂಗಿದ. ಓಣಿಯ ಬಾಗಿಲುಗಳು ಒಂದೊಂದಾಗಿ ತೆರೆದವು. ದೊಡ್ಡ ಮನೆಯ ಹಿತ್ತಿಲ ಕಿಟಕಿಯೊಂದು ಮಾತ್ರ ಮೆಲ್ಲಗೆ ಮುಚ್ಚಿಕೊಂಡಿತು.